ಬೈಲಕುಪ್ಪೆಯಿಂದ ಬಲ್ತಿಸ್ತಾನದವರೆಗೆ: ಒಂದು ಮಾತು, ಎರಡು ಲಿಪಿ

ಹಿಮಾಲಯದ ಆಚೆಯ ಭಾಷೆಯನ್ನು ಕಿವಿಯಾರೆ ಕೇಳಬೇಕೆಂದರೆ ನಾವು ಅಷ್ಟು ದೂರ ಹೋಗಬೇಕಾಗಿಲ್ಲ. ಮೈಸೂರು ಜಿಲ್ಲೆಯ ಪಿರಿಯಾಪಟ್ಟಣ ತಾಲ್ಲೂಕಿನ ಬೈಲಕುಪ್ಪೆಗೆ ಹೋದರೆ ಸಾಕು. ಅಲ್ಲಿ ಮಕ್ಕಳು ಟಿಬೆಟನ್ ಭಾಷೆಯಲ್ಲಿ ಜಗಳವಾಡುತ್ತಾರೆ, ಮುದುಕಿಯರು ಅದೇ ಭಾಷೆಯಲ್ಲಿ ಜಪ ಮಾಡುತ್ತಾರೆ, ಅಂಗಡಿಯ ಫಲಕಗಳಲ್ಲಿ ಕನ್ನಡ, ಇಂಗ್ಲಿಷ್ ಅಕ್ಷರಗಳ ಜೊತೆಗೆ ಅದೇ ಭಾಷೆಯ ಅಕ್ಷರಗಳೂ ಇರುತ್ತವೆ. ಈ ಭಾಷೆ ಕರ್ನಾಟಕಕ್ಕೆ ಹೇಗೆ ಬಂತು, ಇದಕ್ಕೂ ನಮಗೂ ಏನು ಸಂಬಂಧ ಎಂಬುದನ್ನು ಈ ಲೇಖನದಲ್ಲಿ ನೋಡೋಣ. ನಾನು ವಾಣಿಜ್ಯ ವಿಭಾಗದ ವಿದ್ಯಾರ್ಥಿ. ಹಾಗಾಗಿ ನಡುವೆ ಸ್ವಲ್ಪ ವ್ಯಾಪಾರದ ಮಾತು ಬಂದರೆ ಕಲಾ ವಿಭಾಗದವರು ಸಹಿಸಿಕೊಳ್ಳಬೇಕು.

1959ರ ಮಾರ್ಚ್ ತಿಂಗಳಲ್ಲಿ ದಲಾಯಿ ಲಾಮಾ ಲಾಸಾ ನಗರವನ್ನು ಬಿಟ್ಟು ಭಾರತಕ್ಕೆ ಬಂದರು. ಅವರ ಹಿಂದೆಯೇ ಸಾವಿರಾರು ಜನ ಬಂದರು. ಅವರಲ್ಲಿ ಅನೇಕರು ಮೊದಲು ಉತ್ತರದ ಬೆಟ್ಟಗಳಲ್ಲಿ ರಸ್ತೆ ಕೂಲಿ ಮಾಡಿದರು. ಇಷ್ಟು ಜನರನ್ನು ಎಲ್ಲಿ ನೆಲೆಗೊಳಿಸುವುದು ಎಂದು ಕೇಂದ್ರ ಸರ್ಕಾರ ರಾಜ್ಯಗಳನ್ನು ಕೇಳಿದಾಗ, ಆಗಿನ ಮೈಸೂರು ರಾಜ್ಯ ಬೈಲಕುಪ್ಪೆಯಲ್ಲಿ ಸುಮಾರು 3,000 ಎಕರೆ ಕಾಡು ಜಮೀನು ಕೊಟ್ಟಿತು. 1960ರ ಕೊನೆಯಲ್ಲಿ ಮೊದಲ ತಂಡ ಬಂತು. ಚಳಿ ಮತ್ತು ಒಣ ಹವೆಯಿಂದ ಬಂದವರಿಗೆ ಇಲ್ಲಿ ಸಿಕ್ಕಿದ್ದು ಕಾಡು, ಆನೆ, ಸೆಕೆ ಮತ್ತು ಮಳೆ. ಲಾಸಾ ಸಮುದ್ರ ಮಟ್ಟದಿಂದ ಸುಮಾರು 3,650 ಮೀಟರ್ ಎತ್ತರದಲ್ಲಿದೆ. ನಮ್ಮ ಚಾಂಪಿಯನ್ ರೀಫ್ಸ್ ಗಣಿ ನೆಲದೊಳಗೆ ಸುಮಾರು 3,200 ಮೀಟರ್ ಇಳಿದಿತ್ತು ಎಂದು ನಾವು ಹೆಮ್ಮೆಯಿಂದ ಹೇಳಿಕೊಳ್ಳುತ್ತೇವಲ್ಲ, ಹೆಚ್ಚುಕಡಿಮೆ ಅಷ್ಟೇ ದೂರ ಮೇಲೆ ಇದ್ದವರು ಕೆಳಗಿಳಿದು ಬಂದು ಜೋಳ ಬಿತ್ತಿದರು.

ಬೈಲಕುಪ್ಪೆಯ ನಂತರ 1966ರಲ್ಲಿ ಉತ್ತರ ಕನ್ನಡದ ಮುಂಡಗೋಡ, 1969ರಲ್ಲಿ ಬೈಲಕುಪ್ಪೆಯಲ್ಲೇ ಎರಡನೆಯ ವಸತಿ, ಆಮೇಲೆ 1970ರ ದಶಕದಲ್ಲಿ ಹುಣಸೂರಿನ ಬಳಿಯ ಗುರುಪುರ ಮತ್ತು ಕೊಳ್ಳೇಗಾಲದ ಕಡೆಯ ಒಡೆಯರಪಾಳ್ಯ. ಒಟ್ಟು ಐದು. ಇವುಗಳಿಗೆ ಟಿಬೆಟನ್ ಹೆಸರುಗಳೂ ಇವೆ: ಸಂಡುಪ್ಲಿಂಗ್, ಡೋಗುಲಿಂಗ್, ರಾಬ್ಗೇಲಿಂಗ್, ಹೀಗೆ. ಕೊನೆಯ 'ಲಿಂಗ್' ಎಂದರೆ ನೆಲ, ದ್ವೀಪ ಎಂದು ಅರ್ಥ. ನಮ್ಮ ಲಿಂಗಕ್ಕೂ ಅದಕ್ಕೂ ಸಂಬಂಧವಿಲ್ಲ. ಈ ಪುನರ್ವಸತಿ ಕೆಲಸಕ್ಕಾಗಿಯೇ 1968ರಲ್ಲಿ ಮೈರಾಡಾ ಎಂಬ ಸಂಸ್ಥೆ ಹುಟ್ಟಿತು. ಇಂದು ಅದರ ಹೆಸರನ್ನು ನಾವು ಸ್ವಸಹಾಯ ಸಂಘಗಳ ವಿಷಯದಲ್ಲಿ ಕೇಳುತ್ತೇವೆ.

ಬಂದವರೆಲ್ಲ ಒಂದೇ ಭಾಷೆಯವರು ಎಂದು ನಾವು ಅಂದುಕೊಳ್ಳುತ್ತೇವೆ. ಅದು ಪೂರ್ತಿ ನಿಜವಲ್ಲ. ಟಿಬೆಟ್‌ನಲ್ಲಿ ಊ-ತ್ಸಾಂಗ್, ಖಾಮ್, ಆಮ್ದೋ ಎಂಬ ಮೂರು ದೊಡ್ಡ ಸೀಮೆಗಳಿವೆ. ಆಮ್ದೋ ಕುರಿಗಾಹಿ ಮಾತಾಡಿದರೆ ಲಾಸಾದ ವ್ಯಾಪಾರಿಗೆ ಅರ್ಥವಾಗುವುದು ಕಷ್ಟ. 'ಒಂದೊಂದು ಕಣಿವೆಗೆ ಒಂದೊಂದು ಮಾತು, ಒಬ್ಬೊಬ್ಬ ಲಾಮಾನಿಗೆ ಒಂದೊಂದು ಬೋಧನೆ' ಎಂಬ ಗಾದೆಯೇ ಅವರಲ್ಲಿದೆ. ಬೇರೆ ಬೇರೆ ಕಣಿವೆಯವರು ಒಂದೇ ಸಾಲಿನ ಮನೆಗಳಲ್ಲಿ, ಒಂದೇ ಶಾಲೆಯಲ್ಲಿ ಸೇರಿದಾಗ ಲಾಸಾ ಮಾತಿಗೆ ಹತ್ತಿರವಾದ ಒಂದು ಸಾಮಾನ್ಯ ಟಿಬೆಟನ್ ಬೆಳೆಯಿತು. ಅಂದರೆ ಟಿಬೆಟ್‌ನಲ್ಲಿ ಆಗದೇ ಇದ್ದ ಒಂದು ಕೆಲಸ ವಲಸೆಯ ವಸತಿಗಳಲ್ಲಿ ಆಯಿತು. ಗಣಿಯ ಕಾಲೊನಿಗಳಲ್ಲಿ ಹುಟ್ಟಿದ ನಮಗೆ ಇದು ಅರ್ಥವಾಗದ ಸಂಗತಿಯೇನಲ್ಲ. ಇಲ್ಲಿಯ ತಮಿಳೂ ಚೆನ್ನೈನ ತಮಿಳಲ್ಲ, ಇಲ್ಲಿಯ ಉರ್ದುವೂ ಲಕ್ನೋದ ಉರ್ದುವಲ್ಲ.

ಈಗ ಲಿಪಿಗೆ ಬರೋಣ. ಈ ಲೇಖನದಲ್ಲಿ ನನಗೆ ಅತ್ಯಂತ ಇಷ್ಟವಾದ ಭಾಗ ಇದೇ.

ಏಳನೆಯ ಶತಮಾನದಲ್ಲಿ ಸೊಂಗ್‌ತ್ಸೆನ್ ಗಂಪೊ ಎಂಬ ರಾಜ ತನ್ನ ಮಂತ್ರಿ ಥೊನ್ಮಿ ಸಂಭೋಟನನ್ನು ಭಾರತಕ್ಕೆ ಕಳುಹಿಸಿ ಲಿಪಿಯನ್ನು ಮಾಡಿಸಿದ ಎಂಬುದು ಅವರ ಪರಂಪರೆಯ ನಂಬಿಕೆ. ಕಥೆ ಹೇಗೇ ಇರಲಿ, ಟಿಬೆಟನ್ ಲಿಪಿ ಬ್ರಾಹ್ಮಿಯ ಸಂತಾನ ಎಂಬುದರಲ್ಲಿ ಸಂದೇಹವಿಲ್ಲ. ಕನ್ನಡ ಲಿಪಿಯೂ ಬ್ರಾಹ್ಮಿಯ ಸಂತಾನವೇ. ಆದ್ದರಿಂದ ಎರಡೂ ದೂರದ ದಾಯಾದಿಗಳು. ಅವರ ಅಕ್ಷರಮಾಲೆ 'ಕ, ಖ, ಗ, ಙ' ಎಂದು ಶುರುವಾಗುತ್ತದೆ. 'ಘ' ಇಲ್ಲ, ಏಕೆಂದರೆ ಆ ಧ್ವನಿ ಅವರಿಗೆ ಬೇಕಾಗಲಿಲ್ಲ. ಆಮೇಲೆ 'ಚ, ಛ, ಜ, ಞ', 'ತ, ಥ, ದ, ನ', 'ಪ, ಫ, ಬ, ಮ'. ಒಟ್ಟು 30 ವ್ಯಂಜನ, ನಾಲ್ಕು ಸ್ವರಚಿಹ್ನೆ. ಚಿಹ್ನೆ ಹಾಕದಿದ್ದರೆ ನಮ್ಮಲ್ಲಿಯ ಹಾಗೆ ಅಕ್ಷರಕ್ಕೆ 'ಅ' ತಾನಾಗಿ ಸೇರುತ್ತದೆ. 'ಟ' ವರ್ಗವೇ ಇಲ್ಲ. ಸಂಸ್ಕೃತ ಶಬ್ದ ಬರೆಯುವಾಗ ಬೇಕಾದರೆ 'ತ' ಅಕ್ಷರವನ್ನು ಕನ್ನಡಿಯಲ್ಲಿ ಕಂಡಂತೆ ತಿರುಗಿಸಿ ಬರೆದು 'ಟ' ಮಾಡಿಕೊಳ್ಳುತ್ತಾರೆ! ನಮ್ಮ ಒತ್ತಕ್ಷರದ ಹಾಗೆ ಅವರಲ್ಲೂ ಅಕ್ಷರದ ಕೆಳಗೆ ಅಕ್ಷರ ಪೇರಿಸುತ್ತಾರೆ.

ತೊಡಕು ಇರುವುದು ಕಾಗುಣಿತದಲ್ಲಿ. ಟಿಬೆಟನ್ನರು ಸಾವಿರ ವರ್ಷಕ್ಕೂ ಹಿಂದಿನ ಉಚ್ಚಾರಣೆಯನ್ನೇ ಇಂದಿಗೂ ಬರೆಯುತ್ತಾರೆ, ಓದುವಾಗ ಮಾತ್ರ ಇಂದಿನ ಉಚ್ಚಾರಣೆಯಲ್ಲಿ ಓದುತ್ತಾರೆ. 'ಮೂರು' ಎಂಬ ಸಂಖ್ಯೆಯನ್ನು ಅಕ್ಷರದಲ್ಲಿ 'ಗ್ಸುಮ್' ಎಂದು ಬರೆಯುತ್ತಾರೆ, ಲಾಸಾದಲ್ಲಿ 'ಸುಮ್' ಎನ್ನುತ್ತಾರೆ. 'ಎಂಟು' ಬರೆಯುವುದು 'ಬ್ರ್ಗ್ಯದ್', ಹೇಳುವುದು 'ಗ್ಯೆ' ಎಂಬಷ್ಟು ಮಾತ್ರ. ಐದು ವ್ಯಂಜನ ಬರೆದು ಎರಡನ್ನು ಉಚ್ಚರಿಸುವುದೆಂದರೆ ನಮ್ಮಂಥವರಿಗೆ ದುಂದುವೆಚ್ಚದಂತೆ ಕಾಣುತ್ತದೆ. ಆದರೆ ಆ ಮೂಕ ಅಕ್ಷರಗಳು ಒಂದು ಕಾಲದಲ್ಲಿ ಮೂಕವಾಗಿರಲಿಲ್ಲ. ಹಾಗೆಂದು ಹೇಗೆ ಗೊತ್ತು? ಅದಕ್ಕೆ ಜೀವಂತ ಸಾಕ್ಷಿ ಇದೆ. ಆ ಸಾಕ್ಷಿ ಹೇಳುವವರು ಲಾಸಾದ ಪಂಡಿತರಲ್ಲ, ಕಾರಾಕೋರಂ ಬೆಟ್ಟಗಳ ನಡುವಿನ ಬಲ್ತಿಸ್ತಾನದ ಮುಸ್ಲಿಮರು.

ಬಲ್ತಿ ಎಂಬುದು ಟಿಬೆಟನ್ ಕುಟುಂಬದ ಪಶ್ಚಿಮ ಅಂಚಿನ ಭಾಷೆ. ಅದರ ಮುಖ್ಯ ಪಟ್ಟಣ ಸ್ಕರ್ದು ಇಂದು ಪಾಕಿಸ್ತಾನದ ಆಡಳಿತದಲ್ಲಿದೆ. ನಮ್ಮ ಕಡೆ, ಲಡಾಖಿನ ನುಬ್ರಾ ಪ್ರದೇಶದ ತುರ್ತುಕ್ ಮತ್ತು ಅದರ ಅಕ್ಕಪಕ್ಕದ ಹಳ್ಳಿಗಳಲ್ಲಿ ಬಲ್ತಿ ಇದೆ. 1971ರ ಯುದ್ಧದಲ್ಲಿ ಆ ಹಳ್ಳಿಗಳು ಭಾರತಕ್ಕೆ ಸೇರಿದವು. ಕಾರ್ಗಿಲ್ ಕಡೆಯ ಪುರ್ಗಿ ಬಲ್ತಿಗೆ ತೀರಾ ಹತ್ತಿರದ ಮಾತು. ಬಲ್ತಿಯವರು 'ಮೂರು' ಎನ್ನಲು 'ಖ್ಸುಮ್' ಎನ್ನುತ್ತಾರೆ, 'ಎಂಟು' ಎನ್ನಲು 'ಬ್ಗ್ಯದ್' ಎನ್ನುತ್ತಾರೆ. ನಾಲ್ಕಕ್ಕೆ ಲಾಸಾದಲ್ಲಿ 'ಶಿ', ಇವರಲ್ಲಿ 'ಬ್ಝಿ', ಕಾಗುಣಿತದಲ್ಲಿಯೂ 'ಬ್ಝಿ'. ರಕ್ತಕ್ಕೆ ಇವರು 'ಖ್ರಕ್' ಎನ್ನುತ್ತಾರೆ, ಹಳೆಯ ಪುಸ್ತಕದಲ್ಲಿರುವುದೂ 'ಖ್ರಗ್'. ಲಾಸಾದವರು ಬರೆದು ನುಂಗಿಬಿಡುವ ಅಕ್ಷರಗಳನ್ನು ಬಲ್ತಿಯವರು ಬರೆಯದೆಯೇ ನುಡಿಯುತ್ತಾರೆ. ಬೌದ್ಧ ಗ್ರಂಥಗಳ ಹಳೆಯ ಉಚ್ಚಾರಣೆಯನ್ನು ಐದಾರು ಶತಮಾನಗಳಿಂದ ಮಸೀದಿಗೆ ಹೋಗುವ ಜನರು ಉಳಿಸಿಕೊಂಡು ಬಂದಿದ್ದಾರೆ.

ಇದನ್ನು ಅರ್ಥಮಾಡಿಕೊಳ್ಳಲು ನಮ್ಮ ಓಣಿಯ ಉದಾಹರಣೆ ಸಾಕು. ಹಳಗನ್ನಡದಲ್ಲಿ 'ಪಾಲ್', 'ಪುಲಿ', 'ಪೂ' ಎಂದಿದ್ದದ್ದು ಇಂದಿನ ಕನ್ನಡದಲ್ಲಿ ಹಾಲು, ಹುಲಿ, ಹೂ ಆಗಿದೆ. ಕನ್ನಡ ತರಗತಿಯಲ್ಲಿ ಇದನ್ನು ಓದುವಾಗ ಕಷ್ಟವೆನಿಸುತ್ತದೆ, ಆದರೆ ತಮಿಳು ಮನೆಯ ಗೆಳೆಯರು ದಿನಾ ಬೆಳಿಗ್ಗೆ 'ಪಾಲ್' ತರಲು ಹೋಗುತ್ತಾರೆ! ಕನ್ನಡ ಕಳೆದುಕೊಂಡ 'ಪ' ಪಕ್ಕದ ಮನೆಯಲ್ಲಿ ಜೀವಂತವಾಗಿದೆ. ಒಂದು ವ್ಯತ್ಯಾಸ ಹೇಳಲೇಬೇಕು. ಕನ್ನಡಿಗರು ಮಾತು ಬದಲಾದಂತೆ ಬರಹವನ್ನೂ ಬದಲಿಸಿಕೊಂಡರು, ಟಿಬೆಟನ್ನರು ಬದಲಿಸಲಿಲ್ಲ. ನನ್ನನ್ನು ಕೇಳಿದರೆ ಕನ್ನಡದವರ ದಾರಿಯೇ ಜಾಣತನದ್ದು, ಮಕ್ಕಳಿಗೆ ಡಿಕ್ಟೇಶನ್‌ನಲ್ಲಿ ಅಂಕ ಉಳಿಯುತ್ತದೆ. ಆದರೆ ಟಿಬೆಟನ್ನರ ದಾರಿಯಿಂದ ಒಂದು ಲಾಭವಿದೆ. ಖಾಮ್, ಆಮ್ದೋ, ಲಾಸಾ, ಲಡಾಖ್ ಎಲ್ಲ ಕಡೆಯವರೂ ಮಾತು ಬೇರೆಯಾದರೂ ಒಂದೇ ಪುಸ್ತಕ ಓದಬಲ್ಲರು.

ಬಲ್ತಿಯವರು ಮಾತ್ರ ಆ ಪುಸ್ತಕವನ್ನು ಓದಲಾರರು. ಇಸ್ಲಾಂ ಬಂದ ಮೇಲೆ ಅಲ್ಲಿ ಕಲಿಕೆಯ ಭಾಷೆ ಫಾರ್ಸಿ ಆಯಿತು, ಟಿಬೆಟನ್ ಅಕ್ಷರಗಳು ಬಳಕೆ ತಪ್ಪಿ ಕ್ರಮೇಣ ಫಾರ್ಸಿ-ಅರಬ್ಬಿ ಲಿಪಿ ಬಂತು. ಹಮ್ದ್, ನಾತ್, ಮರ್ಸಿಯಾ ಎಲ್ಲವೂ ಬಲ್ತಿ ಭಾಷೆಯಲ್ಲಿ ಹುಟ್ಟಿದವು, ಅಂದರೆ ಟಿಬೆಟನ್ ಕುಟುಂಬದ ಒಂದು ಭಾಷೆಯಲ್ಲಿ ಕರ್ಬಲಾದ ದುಃಖವನ್ನು ಹಾಡುತ್ತಾರೆ. ಈಚಿನ ವರ್ಷಗಳಲ್ಲಿ ಸ್ಕರ್ದುವಿನ ಕೆಲವು ಉತ್ಸಾಹಿಗಳು ಹಳೆಯ ಲಿಪಿಯನ್ನು ಮತ್ತೆ ಕಲಿಯುತ್ತಿದ್ದಾರೆ, ಕೆಲವು ಅಂಗಡಿಗಳ ಮೇಲೆ ಆ ಅಕ್ಷರಗಳು ಕಾಣಿಸಿಕೊಂಡಿವೆ.

ಇದೇ ರೀತಿ ಲಾಸಾ ನಗರದಲ್ಲಿಯೂ ಮುಸ್ಲಿಮರಿದ್ದರು. ಟಿಬೆಟನ್ ಭಾಷೆಯಲ್ಲಿ ಕಾಶ್ಮೀರಕ್ಕೆ 'ಖಚೆ' ಎನ್ನುತ್ತಾರೆ. ಕಾಶ್ಮೀರ ಮತ್ತು ಲಡಾಖಿನಿಂದ ಹೋಗಿ ನೆಲೆಸಿದ ವ್ಯಾಪಾರಿಗಳಿಂದಾಗಿ ಆ ಪದಕ್ಕೆ 'ಮುಸ್ಲಿಮ್' ಎಂಬ ಅರ್ಥವೂ ಬಂತು. ಅವರು ಟಿಬೆಟನ್ ಹೆಂಗಸರನ್ನು ಮದುವೆಯಾದರು, ಟಿಬೆಟನ್ ಮಾತಾಡಿದರು, ಟಿಬೆಟನ್ ಉಡುಪು ತೊಟ್ಟರು, ಮದರಸಾದಲ್ಲಿ ಉರ್ದು ಕಲಿತರು. ಟಿಬೆಟನ್ನರು ಇಂದಿಗೂ ಮೆಚ್ಚಿ ಓದುವ ಒಂದು ನೀತಿಗ್ರಂಥದ ಹೆಸರು 'ಖಚೆ ಫಲು'. ಅದನ್ನು ಬರೆದವರು ಒಬ್ಬ ಮುಸ್ಲಿಮ್ ಎಂಬುದು ಆ ಹೆಸರಿನಲ್ಲೇ ಇದೆ.

1959ರ ನಂತರ ಏನಾಯಿತು ನೋಡಿ. ಅದೇ ಊರಿನ, ಅದೇ ಭಾಷೆಯ ಜನ ಎರಡು ದಾರಿ ಹಿಡಿದರು. ಬೌದ್ಧರು ನಿರಾಶ್ರಿತರಾಗಿ ಬೈಲಕುಪ್ಪೆಯಂಥ ವಸತಿಗಳಿಗೆ ಬಂದರು. ಖಚೆ ಕುಟುಂಬಗಳು ತಮ್ಮ ಮೂಲ ಕಾಶ್ಮೀರ ಎಂದು ಹೇಳಿ ಭಾರತೀಯರೆಂಬ ಮಾನ್ಯತೆ ಪಡೆದು, ಕಾಲಿಂಪಾಂಗ್, ಡಾರ್ಜಿಲಿಂಗ್ ಕಡೆಯಿಂದ ಕೊನೆಗೆ ಶ್ರೀನಗರಕ್ಕೆ ಹೋಗಿ ನೆಲೆಸಿದವು. ಒಂದು ಗುಂಪಿಗೆ ಜಮೀನು, ಶಾಲೆ, ಮಠ, ಸಹಕಾರ ಸಂಘ ಸಿಕ್ಕಿತು, ದೇಶ ಸಿಗಲಿಲ್ಲ. ಇನ್ನೊಂದು ಗುಂಪಿಗೆ ದೇಶ ಸಿಕ್ಕಿತು, ಆದರೆ ಭಾಷೆ ಕಲಿಸುವ ಶಾಲೆಯ ಆಸರೆ ಇಲ್ಲದೆ ಟಿಬೆಟನ್ ಮನೆಯ ಮಾತಾಗಿ ಉಳಿಯಿತು.

ಇಲ್ಲಿ ವ್ಯಾಪಾರದ ವಿಷಯ ತರಲೇಬೇಕು. 1684ರ ತಿಂಗ್ಮೊಸ್‌ಗಾಂಗ್ ಒಪ್ಪಂದದಲ್ಲಿ ಪಶ್ಚಿಮ ಟಿಬೆಟ್‌ನ ಪಶ್ಮೀನಾ ಉಣ್ಣೆ ಲಡಾಖಿನ ಮೂಲಕವೇ ಕಾಶ್ಮೀರಕ್ಕೆ ಹೋಗಬೇಕು ಎಂದು ನಿಶ್ಚಯವಾಯಿತು. ನಮ್ಮ ಅರ್ಥಶಾಸ್ತ್ರದ ಪುಸ್ತಕದಲ್ಲಿ ಇದಕ್ಕೆ ಏಕಸ್ವಾಮ್ಯ ಎನ್ನುತ್ತಾರೆ. ಅದೇ ಒಪ್ಪಂದದಂತೆ ಮೂರು ವರ್ಷಕ್ಕೊಮ್ಮೆ ಲೇಹ್‌ನಿಂದ ಲಾಸಾಕ್ಕೆ 'ಲೋಪ್‌ಚಕ್' ಎಂಬ ಕಾಣಿಕೆಯ ತಂಡ ಹೋಗುತ್ತಿತ್ತು, ಲಾಸಾದಿಂದ ಲೇಹ್‌ಗೆ ಚಹಾದ ತಂಡ ಬರುತ್ತಿತ್ತು. ಬೌದ್ಧ ರಾಜನು ಬೌದ್ಧ ಗುರುವಿಗೆ ಕಳುಹಿಸುವ ಕಾಣಿಕೆ. ಆದರೆ ಅದರ ವ್ಯವಹಾರವನ್ನೆಲ್ಲ ನೋಡಿಕೊಳ್ಳುತ್ತಿದ್ದವರು ಲೇಹ್‌ನ ಮುಸ್ಲಿಮ್ ವ್ಯಾಪಾರಿಗಳು. 1940ರ ದಶಕದವರೆಗೂ ಇದು ನಡೆಯಿತು. ಇಂಥ ಪೇಟೆಯಲ್ಲಿ ಪದಗಳಿಗೆ ಸುಂಕವಿರಲಿಲ್ಲ. 1904ರಲ್ಲಿ ಲೇಹ್‌ನಲ್ಲಿ ಫ್ರಾಂಕೆ ಎಂಬ ಜರ್ಮನ್ ಪಾದ್ರಿ ಟಿಬೆಟನ್ ಲಿಪಿಯಲ್ಲಿ ಪತ್ರಿಕೆ ಶುರುಮಾಡಿದಾಗ ಅದಕ್ಕೆ ಇಟ್ಟ ಹೆಸರು 'ಲದಾಖ್‌ನ ಅಖ್ಬಾರ್' ಎಂಬರ್ಥದ್ದು. ನಮ್ಮ ಮನೆಯಲ್ಲಿ ದಾದಿ ಬೆಳಿಗ್ಗೆ ಎದ್ದು ಕೇಳುವುದೂ ಅದೇ ಪದ: 'ಅಖ್ಬಾರ್ ಆಯಾ ಕ್ಯಾ?'

ಇಂದಿಗೂ ಉಣ್ಣೆಯ ನಂಟು ಬಿಟ್ಟಿಲ್ಲ. ಚಳಿಗಾಲ ಬಂತೆಂದರೆ ದೇಶದ ಅನೇಕ ಊರುಗಳಲ್ಲಿ ಟಿಬೆಟನ್ನರ ಸ್ವೆಟರ್ ಅಂಗಡಿಗಳು ಏಳುತ್ತವೆ. ಆ ಸ್ವೆಟರ್‌ಗಳು ಹಿಮಾಲಯದಿಂದ ಬರುವುದಿಲ್ಲ, ಪಂಜಾಬಿನ ಲೂಧಿಯಾನಾದ ಸಗಟು ವ್ಯಾಪಾರಿಗಳಿಂದ ಬರುತ್ತವೆ. ಬಹಳಷ್ಟು ಸರಕು ಸಾಲದ ಮೇಲೆ, ಸೀಸನ್ ಮುಗಿದ ಮೇಲೆ ಹಣ ತೀರಿಸುವ ನಂಬಿಕೆಯ ಮೇಲೆ. ಜೋಳದ ಬೆಳೆ ಕೈಕೊಟ್ಟ ವರ್ಷವೂ ಬೈಲಕುಪ್ಪೆಯ ಎಷ್ಟೋ ಮನೆಗಳು ನಿಂತದ್ದು ಈ ಸ್ವೆಟರ್ ವ್ಯಾಪಾರದಿಂದ.

ವ್ಯಾಕರಣದಲ್ಲಿಯೂ ನಮಗೆ ಪರಿಚಿತವಾದದ್ದು ಬಹಳ ಇದೆ. ಟಿಬೆಟನ್ ವಾಕ್ಯದಲ್ಲಿ ಕ್ರಿಯಾಪದ ಕನ್ನಡದ ಹಾಗೆ ಕೊನೆಗೆ ಬರುತ್ತದೆ. ಹಿರಿಯರಿಗೆ ಬೇರೆ ಪದಗಳೇ ಇವೆ: ನನ್ನ ತಲೆ 'ಗೋ', ಗುರುಗಳ ತಲೆ 'ಊ'; ನನ್ನ ಕೈ 'ಲಗ್', ಗುರುಗಳ ಕೈ 'ಛಗ್'. ಉರ್ದುವಿನಲ್ಲಿ ನಾವು ಕೂರುತ್ತೇವೆ, ದೊಡ್ಡವರು 'ತಶ್ರೀಫ್ ರಖ್ತೇ ಹೈಂ', ಹಾಗೆ. ಇನ್ನೊಂದು ವಿಶೇಷವೆಂದರೆ, ಹೇಳುವ ಸಂಗತಿಯನ್ನು ಕಣ್ಣಾರೆ ಕಂಡದ್ದೋ, ಎಲ್ಲರಿಗೂ ಗೊತ್ತಿರುವುದೋ ಎಂಬುದನ್ನು ಅವರ ಕ್ರಿಯಾಪದವೇ ಹೇಳುತ್ತದೆ. ಬೇರೆಯವರಿಂದ ಕೇಳಿದ ಸುದ್ದಿಯಾದರೆ ಲಡಾಖಿಗಳು ವಾಕ್ಯದ ಕೊನೆಗೆ 'ಲೋ' ಸೇರಿಸುತ್ತಾರೆ. ಕನ್ನಡದಲ್ಲಿ ಅದು 'ಅಂತೆ'. ನಾಳೆ ರಜೆಯಂತೆ, ಫಲಿತಾಂಶ ಬಂತಂತೆ. ಲಖ್ನೋದ ಉರ್ದುವಿನಲ್ಲಿ ಇದಕ್ಕೆ ಒಂದೇ ಪದವಿಲ್ಲ. ಆದರೆ ನಮ್ಮ ಮನೆಯ ದಖ್ಖನಿಯಲ್ಲಿ ಇದೆ: 'ಕಲ್ ಛುಟ್ಟಿ ಹೈ ಕತೆ'. ಈ 'ಕತೆ' ದಕ್ಷಿಣದ ಭಾಷೆಗಳ ಸಹವಾಸದಿಂದ ಬಂದದ್ದು. ಪದ ಉರ್ದುವಿನದು, ಬುದ್ಧಿ ಕನ್ನಡ-ತೆಲುಗಿನದು.

ದಖ್ಖನಿ ಎಂದೊಡನೆ ಕೆಲವರು ನಗುತ್ತಾರೆ. 'ನಕ್ಕೊ', 'ಹೌ', 'ಕಾಯ್ಕೊ', 'ಬಾತಾಂ' ಎಂದರೆ ಅದು ಕೆಟ್ಟುಹೋದ ಉರ್ದು ಎಂಬ ಭಾವನೆ ನಮ್ಮಲ್ಲೇ ಇದೆ. ಆದರೆ ಕರ್ನಾಟಕದ ಬಿಜಾಪುರದಲ್ಲಿ ಎರಡನೆಯ ಇಬ್ರಾಹಿಂ ಆದಿಲ್ ಶಾಹ 'ಕಿತಾಬ್-ಎ-ನೌರಸ್' ಬರೆದದ್ದು ದಖ್ಖನಿಯಲ್ಲೇ. ಆ ಕಾಲಕ್ಕೆ ದಿಲ್ಲಿಯಲ್ಲಿ ಕವಿಗಳು ಫಾರ್ಸಿಯಲ್ಲಿ ಬರೆಯುತ್ತಿದ್ದರು. ರಾಜಸಭೆಯ ಭಾಷೆ ಆಮೇಲೆ ಅಡುಗೆಮನೆಯ ಭಾಷೆಯಾಯಿತು. ಬಲ್ತಿಯವರ ಹಾಗೆ ನಾವೂ ಹಳೆಯದನ್ನು ಬಾಯಲ್ಲಿ ಉಳಿಸಿಕೊಂಡವರು, ಕಾಗದದಲ್ಲಿ ಅಲ್ಲ.

ಈ ವಿಷಯ ನನಗೆ ಬರೀ ಇತಿಹಾಸವಲ್ಲ. ದಾದಿ ಉರ್ದು ಪತ್ರಿಕೆಯನ್ನು ಸರಾಗವಾಗಿ ಓದುತ್ತಾರೆ. ಅಬ್ಬಾ ನಿಧಾನವಾಗಿ ಓದುತ್ತಾರೆ. ನಾನು ಕುರಾನ್ ಓದಲು ಕಲಿತ ಅಕ್ಷರಗಳ ಬಲದಿಂದ ಅಂಗಡಿಯ ಫಲಕ ಓದುತ್ತೇನೆ, ಅಷ್ಟೇ. ಪಿಯುಸಿಯಲ್ಲಿ ಭಾಷೆಯಾಗಿ ಕನ್ನಡ ತೆಗೆದುಕೊಂಡಾಗ ಚಾಚಾ ಕೇಳಿದರು, 'ತೇರೆಕು ಉರ್ದು ಕಾಯ್ಕೊ ನಕ್ಕೊ?' ಬೇಡ ಅಂತಲ್ಲ ಚಾಚಾ, ಕೆಲಸಕ್ಕೆ ಕನ್ನಡ ಬೇಕು ಎಂದೆ. ನಮ್ಮ ಊರಿನಲ್ಲಿ 2001ರ ಫೆಬ್ರವರಿ 28ರಂದು ಗಣಿ ಮುಚ್ಚಿದ ಮೇಲೆ ಕೆಲಸ ಎಂದರೆ ಬೆಳಗಿನ ರೈಲು, ರೈಲು ಎಂದರೆ ಬೆಂಗಳೂರು. ಮಾರಿಕುಪ್ಪಂನಿಂದ ಹೊರಟ ಗಾಡಿ ಚಾಂಪಿಯನ್, ಊರ್ಗಾಂ, ಕೋರಮಂಡಲ್ ದಾಟಿ ಬಂಗಾರಪೇಟೆ ಸೇರುವಷ್ಟರಲ್ಲಿ ಒಂದೇ ಬೋಗಿಯಲ್ಲಿ ತಮಿಳು, ತೆಲುಗು, ದಖ್ಖನಿ, ಕನ್ನಡ ಎಲ್ಲ ಕೇಳಿಸುತ್ತವೆ. ರಾತ್ರಿ ಒಂಬತ್ತಕ್ಕೆ ಮನೆಗೆ ಬರುವ ಅಬ್ಬಾಗೆ ನನ್ನನ್ನು ಕೂರಿಸಿಕೊಂಡು ಅಲಿಫ್-ಬೇ ತಿದ್ದಿಸುವ ಸಮಯ ಎಲ್ಲಿಂದ ಬರಬೇಕು?

ಬೈಲಕುಪ್ಪೆಯ ಕಷ್ಟ ಇದಕ್ಕೆ ಉಲ್ಟಾ. ಅಲ್ಲಿ ಲಿಪಿ ಭದ್ರವಾಗಿದೆ. ಪ್ರಾಥಮಿಕ ತರಗತಿಗಳಲ್ಲಿ ಟಿಬೆಟನ್ ಮಾಧ್ಯಮವಿದೆ, ಸೆರಾ ಮಠದಲ್ಲಿಯೂ 1963ರಲ್ಲಿ ಶುರುವಾದ ನಾಮ್‌ಡ್ರೋಲಿಂಗ್ ಮಠದಲ್ಲಿಯೂ ಸಾವಿರಾರು ಭಿಕ್ಷುಗಳು ದಿನವಿಡೀ ಅದೇ ಅಕ್ಷರಗಳನ್ನು ಓದುತ್ತಾರೆ. ಆದರೆ ಯುವಕರು ಅಮೆರಿಕ, ಕೆನಡಾ, ಯುರೋಪಿಗೆ ಹೋಗುತ್ತಿದ್ದಾರೆ, ಟಿಬೆಟ್‌ನಿಂದ ಹೊಸಬರು ಬರುವುದು ಬಹುತೇಕ ನಿಂತಿದೆ, ಶಾಲೆಗಳಲ್ಲಿ ಮಕ್ಕಳು ಕಡಿಮೆಯಾಗುತ್ತಿದ್ದಾರೆ. ಬ್ಯಾಂಕಿನ ಭಾಷೆಯಲ್ಲಿ ಹೇಳುವುದಾದರೆ ಲಿಪಿ ಠೇವಣಿ ಇದ್ದಂತೆ, ಯಾವುದಾದರೊಂದು ಸಂಸ್ಥೆ ಅದನ್ನು ಕಾಯಬೇಕು. ಮಾತು ಚಾಲ್ತಿ ಖಾತೆ, ದಿನವೂ ಹಾಕಿ ತೆಗೆಯುತ್ತಿರಬೇಕು. ಬೈಲಕುಪ್ಪೆಯವರಿಗೆ ಠೇವಣಿ ಇದೆ, ಖಾತೆದಾರರು ಊರು ಬಿಡುತ್ತಿದ್ದಾರೆ. ನಮಗೆ ಖಾತೆಯಲ್ಲಿ ವ್ಯವಹಾರ ಜೋರಾಗಿದೆ, ಠೇವಣಿ ಕರಗುತ್ತಿದೆ.

ಸರ್ಕಾರಿ ಕಾಗದಕ್ಕೂ ಇದರಲ್ಲಿ ಪಾತ್ರವಿದೆ. 2019ರಲ್ಲಿ ಕೇಂದ್ರಾಡಳಿತ ಪ್ರದೇಶವಾದ ಲಡಾಖಿಗೆ 2025ರ ಜೂನ್‌ನಲ್ಲಿ ಅಧಿಕೃತ ಭಾಷೆಗಳನ್ನು ನಿಗದಿ ಮಾಡಿದರು: ಇಂಗ್ಲಿಷ್, ಹಿಂದಿ, ಉರ್ದು, ಭೋಟಿ, ಪುರ್ಗಿ. ಭೋಟಿ ಮತ್ತು ಪುರ್ಗಿ ಎರಡೂ ಟಿಬೆಟನ್ ಕುಟುಂಬದವೇ. ಒಂದನ್ನು ಮುಖ್ಯವಾಗಿ ಬೌದ್ಧರು ಟಿಬೆಟನ್ ಅಕ್ಷರದಲ್ಲಿ ಬರೆಯುತ್ತಾರೆ, ಇನ್ನೊಂದು ಕಾರ್ಗಿಲ್‌ನ ಮುಸ್ಲಿಮರ ಮನೆಮಾತು. ಮನೆಮಾತಾಗಿದ್ದ ಪುರ್ಗಿಗೆ ಕಚೇರಿಯಲ್ಲಿ ಕುರ್ಚಿ ಸಿಕ್ಕಿದ್ದು ನನಗೆ ತುಂಬ ಸಂತೋಷ ಕೊಟ್ಟಿತು. ದಖ್ಖನಿಗೆ ಅಂಥ ಕುರ್ಚಿ ಎಲ್ಲಿಯೂ ಇಲ್ಲ, ಅರ್ಜಿ ನಮೂನೆಗಳಲ್ಲಿ ನಾವೆಲ್ಲ 'ಮಾತೃಭಾಷೆ: ಉರ್ದು' ಎಂದೇ ಬರೆಯುತ್ತೇವೆ.

ಮೈಸೂರು-ಕೊಡಗು ಪ್ರವಾಸಕ್ಕೆ ಹೋಗುವ ಕಾಲೇಜು ಬಸ್ಸುಗಳು ಸಾಮಾನ್ಯವಾಗಿ ಬೈಲಕುಪ್ಪೆಯಲ್ಲಿ ಒಂದು ಗಂಟೆ ನಿಲ್ಲುತ್ತವೆ. ಚಿನ್ನದ ಬಣ್ಣದ ವಿಗ್ರಹಗಳ ಮುಂದೆ ಫೋಟೊ ತೆಗೆಸಿಕೊಂಡಾದ ಮೇಲೆ ಹೊರಗಿನ ಅಂಗಡಿಗಳ ಫಲಕಗಳನ್ನೂ ನೋಡಿ. ಪ್ರತಿ ಉಚ್ಚಾರಾಂಶದ ನಂತರ ಮೇಲ್ಗಡೆ ಒಂದು ಚಿಕ್ಕ ಚುಕ್ಕೆ ಇರುತ್ತದೆ, ಪದಗಳ ನಡುವೆ ಜಾಗ ಬಿಡುವುದಿಲ್ಲ. ಅಕ್ಷರದ ಮೇಲೆ ಗಾಳಿಪಟದಂತೆ ಬಾಗಿದ ಗೆರೆ ಇದ್ದರೆ ಅದು 'ಇ' ಅಥವಾ 'ಎ' ಅಥವಾ 'ಓ', ಕೆಳಗೆ ಕೊಕ್ಕೆ ಇದ್ದರೆ 'ಉ'. ಮೂರು ಅಕ್ಷರ ಒಂದರ ಕೆಳಗೊಂದು ಪೇರಿಸಿದ್ದು ಕಂಡರೆ ಅಂಗಡಿಯವರನ್ನು ಓದಿ ಹೇಳಲು ಕೇಳಿ. ಅವರು ಒಂದೋ ಎರಡೋ ಧ್ವನಿ ಹೇಳಿ ನಿಲ್ಲಿಸುತ್ತಾರೆ. ಉಳಿದದ್ದನ್ನು ಕೇಳಬೇಕಾದರೆ ತುರ್ತುಕ್‌ಗೆ ಹೋಗಬೇಕು.